ರೆಕ್ಕೆಯ ಉದ್ದ, ಫ್ರೇಮಿನ ಅಳತೆ

ಅಮೆರಿಕದ ಸ್ಟ್ಯಾನ್ ಬ್ರ್ಯಾಕೇಜ್ 1963ರಲ್ಲಿ ಮಾಡಿದ ‘ಮಾತ್‌ಲೈಟ್’ ಚಿತ್ರ ನಾಲ್ಕು ನಿಮಿಷವೂ ನಡೆಯುವುದಿಲ್ಲ. ಅದರಲ್ಲಿ ಮಾತಿಲ್ಲ, ಸಂಗೀತವಿಲ್ಲ, ಯಾವ ಸದ್ದೂ ಇಲ್ಲ. ಅದನ್ನು ತೆಗೆಯಲು ಕ್ಯಾಮೆರಾವನ್ನೇ ಬಳಸಿಲ್ಲ. ತುಂಡಾದ ಫಿಲ್ಮನ್ನು ಸೇರಿಸಲು ಎಡಿಟಿಂಗ್ ಕೋಣೆಯಲ್ಲಿ ಇಟ್ಟುಕೊಳ್ಳುವ, 16 ಮಿಲಿಮೀಟರ್ ಅಗಲದ, ಅಂಚಿನಲ್ಲಿ ಸಾಲುತೂತುಗಳಿರುವ ಪಾರದರ್ಶಕ ಟೇಪಿನ ಮೇಲೆ ಬ್ರ್ಯಾಕೇಜ್ ಸತ್ತ ಪತಂಗಗಳ ರೆಕ್ಕೆ, ಹೂವಿನ ಎಸಳು, ಎಲೆ, ಹುಲ್ಲಿನ ಗರಿ ಇವುಗಳನ್ನು ಒಂದೊಂದಾಗಿ ಜೋಡಿಸಿ, ಮೇಲಿನಿಂದ ಅಂಥದೇ ಇನ್ನೊಂದು ಟೇಪನ್ನು ಒತ್ತಿದರು. ಹೀಗೆ ಸಿದ್ಧವಾದ ಉದ್ದನೆಯ ಪಟ್ಟಿಯನ್ನು ಲ್ಯಾಬಿನಲ್ಲಿ ಮಾಮೂಲಿ ಫಿಲ್ಮಿನ ಮೇಲೆ ಪ್ರಿಂಟ್ ಹಾಕಿಸಿದ ಮೇಲೆ ಪ್ರೊಜೆಕ್ಟರಿಗೆ ಏರಿಸಬಹುದಾದ ಚಿತ್ರ ಕೈಗೆ ಬಂತು. ತೆರೆಯ ಮೇಲೆ ಕಾಣುವುದು ಬೆಳ್ಳಗಿನ ಬೆಳಕಿನಲ್ಲಿ ಕಂದು, ಬೂದು, ತಿಳಿಹಸಿರು ಬಣ್ಣದ ಚೂರುಗಳು ಎಡೆಬಿಡದೆ ಮಿಡಿಯುವ ಒಂದು ಹರಿವು ಮಾತ್ರ. ಒಂದು ಕ್ಷಣ ಎಲೆಯ ನರ ಕಂಡಂತಾಗುತ್ತದೆ, ಮರುಕ್ಷಣ ಅದು ಇಲ್ಲ.

ಈ ಚಿತ್ರ ಹೇಗೆ ಹುಟ್ಟಿತೆಂಬುದನ್ನು ಬ್ರ್ಯಾಕೇಜ್ ತಾವೇ ಹೇಳಿಕೊಂಡಿದ್ದಾರೆ. ಆಗ ಅವರ ಕೈಯಲ್ಲಿ ಹಣವಿರಲಿಲ್ಲ. ಚಿತ್ರ ಮಾಡುವ ಹುಚ್ಚಿನಲ್ಲಿ ಮಕ್ಕಳಿಗೆ ಸರಿಯಾಗಿ ಊಟ ಹಾಕಲಾಗುತ್ತಿಲ್ಲವೆಂಬ ಸಂಕಟವಿತ್ತು. ದೀಪಕ್ಕೆ ಹಾರಿ ಸುಟ್ಟುಕೊಳ್ಳುವ ಪತಂಗಗಳಲ್ಲಿ ಅವರು ತಮ್ಮನ್ನೇ ಕಂಡರು. ಬಲ್ಬಿನ ಸುತ್ತ ಬಿದ್ದಿದ್ದ ರೆಕ್ಕೆಗಳನ್ನು ಮೆಲ್ಲಗೆ ಹೆಕ್ಕಿ ಫಿಲ್ಮಿನ ಅಗಲಕ್ಕೆ ಅಂಟಿಸಿದರೆ, ಸಿನಿಮಾ ಯಂತ್ರದ ಮೂಲಕ ಅವಕ್ಕೆ ಮತ್ತೆ ಒಂದಿಷ್ಟು ಜೀವ ಬರಬಹುದೇ ಎಂದು ಯೋಚಿಸಿದರು. ಈ ಚಿತ್ರದ ಬಗ್ಗೆ ಬರೆಯುವವರೆಲ್ಲರೂ ಈ ಸಂಗತಿಯನ್ನು ಹೇಳುತ್ತಾರೆ, ಹೆಚ್ಚಿನವರು ಅಲ್ಲಿಗೇ ನಿಲ್ಲಿಸುತ್ತಾರೆ. ಮನಸ್ಸಿಗೆ ತಟ್ಟುವ ಸಂಗತಿ ಎನ್ನುವುದರಲ್ಲಿ ಅನುಮಾನವಿಲ್ಲ. ಆದರೆ ಅದು ಚಿತ್ರ ಯಾಕೆ ಹುಟ್ಟಿತೆಂಬುದಕ್ಕೆ ಉತ್ತರವೇ ಹೊರತು, ತೆರೆಯ ಮೇಲೆ ಅದು ಯಾಕೆ ಹಾಗೆ ಮಿಡಿಯುತ್ತದೆ ಎಂಬುದಕ್ಕಲ್ಲ. ದುಃಖವನ್ನು ಟೇಪಿನ ಮೇಲೆ ಅಂಟಿಸಲಾಗದು. ಅಂಟಿಸಬಹುದಾದದ್ದು ರೆಕ್ಕೆಯನ್ನು ಮಾತ್ರ, ಮತ್ತು ರೆಕ್ಕೆಗೆ ಇಂತಿಷ್ಟೆಂಬ ಉದ್ದವಿರುತ್ತದೆ.

ಆ ಉದ್ದದಿಂದಲೇ ಹೊರಡಬೇಕೆಂಬುದು ನನ್ನ ಅನಿಸಿಕೆ. 16 ಎಂಎಂ ಫಿಲ್ಮಿನಲ್ಲಿ ಒಂದು ಫ್ರೇಮಿನಿಂದ ಮುಂದಿನ ಫ್ರೇಮಿಗೆ ಇರುವ ದೂರ 7.62 ಮಿಲಿಮೀಟರ್. ಸೆಕೆಂಡಿಗೆ 24 ಫ್ರೇಮಿನಂತೆ ಓಡಿಸಿದರೆ ಒಂದು ಸೆಕೆಂಡಿಗೆ ಸುಮಾರು 18 ಸೆಂಟಿಮೀಟರ್, ಒಂದು ನಿಮಿಷಕ್ಕೆ ಸುಮಾರು 11 ಮೀಟರ್ ಫಿಲ್ಮ್ ಸಾಗುತ್ತದೆ. ಒಂದೂವರೆ ಸೆಂಟಿಮೀಟರ್ ಉದ್ದದ ಪತಂಗದ ರೆಕ್ಕೆಯನ್ನು ಪಟ್ಟಿಯ ಉದ್ದಕ್ಕೆ ಅಂಟಿಸಿದರೆ ಅದು ಎರಡು ಫ್ರೇಮುಗಳನ್ನು ಆವರಿಸುತ್ತದೆ, ಅಂದರೆ ಸೆಕೆಂಡಿನ ಹನ್ನೆರಡನೆಯ ಒಂದು ಪಾಲು. ಹತ್ತು ಸೆಂಟಿಮೀಟರಿನ ಹುಲ್ಲಿನ ಗರಿಯಾದರೆ ಹದಿಮೂರು ಫ್ರೇಮು, ಅರ್ಧ ಸೆಕೆಂಡಿಗಿಂತ ತುಸು ಹೆಚ್ಚು. ಬೇರೆ ಅನಿಮೇಷನ್ನಿನಲ್ಲಿ ಒಂದು ಆಕೃತಿ ಎಷ್ಟು ಹೊತ್ತು ತೆರೆಯ ಮೇಲೆ ಇರಬೇಕೆಂದು ಕಲಾವಿದ ತೀರ್ಮಾನಿಸುತ್ತಾನೆ. ಇಲ್ಲಿ ಆ ತೀರ್ಮಾನದ ದೊಡ್ಡ ಪಾಲನ್ನು ಹುಲ್ಲು ಬೆಳೆದಾಗಲೇ, ಪತಂಗ ಕೋಶದಿಂದ ಹೊರಬಂದಾಗಲೇ ಮಾಡಿ ಮುಗಿಸಿವೆ. ಬ್ರ್ಯಾಕೇಜ್ ಕತ್ತರಿಸಬಹುದಿತ್ತು, ಸಾಲಾಗಿ ಜೋಡಿಸಬಹುದಿತ್ತು, ಅಡ್ಡವಾಗಿ ಇಡಬಹುದಿತ್ತು; ಉದ್ದ ಮಾಡುವಂತಿರಲಿಲ್ಲ.

ಇದಕ್ಕಿಂತ ಸ್ವಾರಸ್ಯದ ಸಂಗತಿಯೊಂದಿದೆ. ಟೇಪಿನ ಪಟ್ಟಿಯ ಮೇಲೆ ಫ್ರೇಮುಗಳೆಂಬುವೇ ಇಲ್ಲ. ಅಂಚಿನ ತೂತುಗಳನ್ನು ಬಿಟ್ಟರೆ ಅದು ತಲೆಯಿಂದ ಬಾಲದವರೆಗೆ ಒಂದೇ ಚಿತ್ರ, ಗಡಿಗೆರೆಗಳಿಲ್ಲದ ಒಂದು ಉದ್ದನೆಯ ಹಾಸು. ಅದನ್ನು ಫ್ರೇಮುಗಳಾಗಿ ಕಡಿಯುವುದು ಪ್ರೊಜೆಕ್ಟರು. ಅದರ ಉಗುರು ತೂತಿಗೆ ಸಿಕ್ಕಿಸಿ ಫಿಲ್ಮನ್ನು ಒಂದು ಫ್ರೇಮಿನಷ್ಟು ಕೆಳಗೆಳೆದು ನಿಲ್ಲಿಸುತ್ತದೆ. ಎಳೆಯುವಾಗ ಶಟರ್ ಬೆಳಕನ್ನು ಮುಚ್ಚುತ್ತದೆ, ನಿಂತಾಗ ತೆರೆಯುತ್ತದೆ. ಹೀಗೆ ನಿಂತು ನಿಂತು ಸಾಗುವುದರಿಂದಲೇ, ಉದ್ದಕ್ಕೆ ಅಂಟಿಸಿದ ಹುಲ್ಲಿನ ಗರಿ ತೆರೆಯ ಮೇಲೆ ಮೇಲಿನಿಂದ ಕೆಳಕ್ಕೆ ಜಾರಿದಂತೆ ಕಾಣುವುದಿಲ್ಲ. ಮೊದಲ ಫ್ರೇಮಿನಲ್ಲಿ ಗರಿಯ ತುದಿ, ಎರಡನೆಯದರಲ್ಲಿ ಅದರ ಮುಂದಿನ ಭಾಗ, ಮೂರನೆಯದರಲ್ಲಿ ಇನ್ನೂ ಮುಂದಿನದು, ಎಲ್ಲವೂ ತೆರೆಯ ಅದೇ ಜಾಗದಲ್ಲಿ. ಮೂರೂ ಭಾಗಗಳು ನೋಡಲು ಹೆಚ್ಚುಕಡಿಮೆ ಒಂದೇ ರೀತಿ ಇರುವುದರಿಂದ ಕಣ್ಣು ಅವನ್ನು ಒಂದೇ ಗೆರೆ ಎಂದುಕೊಳ್ಳುತ್ತದೆ. ಗರಿ ಎಲ್ಲಿ ಒಂಚೂರು ಬಾಗಿದೆಯೋ ಅಲ್ಲಿ ಆ ಗೆರೆ ಪಕ್ಕಕ್ಕೆ ವಾಲುತ್ತದೆ, ಎಲ್ಲಿ ದಪ್ಪಗಾಗಿದೆಯೋ ಅಲ್ಲಿ ಉಬ್ಬುತ್ತದೆ. ಹೊಲದಲ್ಲಿ ಗಾಳಿಗೆ ಅಲ್ಲಾಡುವ ಹುಲ್ಲನ್ನು ಕ್ಯಾಮೆರಾದಲ್ಲಿ ಸೆರೆಹಿಡಿದಾಗ ಕಾಣುವ ಅಲುಗಾಟ ಗಾಳಿಯದು. ಇಲ್ಲಿನದು ಹುಲ್ಲಿನ ಆಕಾರದ್ದೇ ಅಲುಗಾಟ. ರೆಕ್ಕೆಯ ವಿಷಯ ಬೇರೆ. ಎರಡು ಫ್ರೇಮಿಗೆ ಮುಗಿದುಹೋಗುವ ರೆಕ್ಕೆಗೆ ನಿಲ್ಲಲು ಸಮಯವಿಲ್ಲ. ಅದು ಹೊಡೆದು ಹೋಗುತ್ತದೆ. ಉದ್ದನೆಯವು ನಿಂತು ನಡುಗುತ್ತವೆ, ಮೋಟಾದವು ಮಿಂಚಿ ಮರೆಯಾಗುತ್ತವೆ, ಈ ಎರಡರ ನಡುವೆಯೇ ಚಿತ್ರದ ಲಯ ಹುಟ್ಟುತ್ತದೆ. ವಸ್ತುವಿನ ಅಳತೆಗೂ ಫ್ರೇಮಿನ ಅಳತೆಗೂ ತಾಳೆಯಾಗದೇ ಇರುವುದೇ ಇಲ್ಲಿನ ಚಲನೆಯ ಮೂಲ ಎಂದು ನಾನು ತಿಳಿದಿದ್ದೇನೆ. ತಾಳೆಯಾಗಿಬಿಟ್ಟಿದ್ದರೆ, ಅಂದರೆ ಒಂದೊಂದು ಫ್ರೇಮಿಗೆ ಒಂದೊಂದು ರೆಕ್ಕೆಯನ್ನು ಅಳೆದು ಕೂರಿಸಿದ್ದರೆ, ಅದೊಂದು ಮಾದರಿ ಸಂಗ್ರಹದ ಪುಟಗಳನ್ನು ಸರಸರನೆ ಮಗುಚಿದ ಹಾಗಿರುತ್ತಿತ್ತು.

ಪ್ರಿಂಟಿನ ವಿಷಯವೂ ಸಣ್ಣದಲ್ಲ. ಕಾಂಟ್ಯಾಕ್ಟ್ ಪ್ರಿಂಟರಿನಲ್ಲಿ ಮೂಲ ಪಟ್ಟಿಯೂ ಹೊಸ ಫಿಲ್ಮೂ ಮೈಗೆ ಮೈ ತಾಗಿಕೊಂಡು ಸಾಗುತ್ತವೆ, ಬೆಳಕು ಮೂಲವನ್ನು ತೂರಿ ಹೊಸದರ ಮೇಲೆ ಬೀಳುತ್ತದೆ. ದಪ್ಪಗಿನ ವಸ್ತು ಈ ದಾರಿಯಲ್ಲಿ ಹಾಯಲಾರದು. ಹಾಯ್ದರೂ ಫಿಲ್ಮಿಗೆ ತಾಗದ ಭಾಗ ಮಸುಕಾಗುತ್ತದೆ. ತೆಳ್ಳಗಿರಬೇಕು, ಬೆಳಕು ಅದರೊಳಗಿಂದ ಹಾದುಬರಬೇಕು. ಹಾಗಾಗಿ ಪತಂಗದ ಮೈಗಿಂತ ರೆಕ್ಕೆ, ಹೂವಿನ ತೊಟ್ಟಿಗಿಂತ ಎಸಳು. ಚಿತ್ರದಲ್ಲಿ ಏನಿರಬೇಕು, ಏನಿರಬಾರದು ಎಂಬುದನ್ನು ಕವಿಹೃದಯ ಎಷ್ಟು ನಿರ್ಧರಿಸಿತೋ ಯಂತ್ರದ ಸಂದಿಯೂ ಅಷ್ಟೇ ನಿರ್ಧರಿಸಿತು. ಹಾಗೆ ಆದದ್ದರಿಂದಲೇ ನಮಗೆ ತೆರೆಯ ಮೇಲೆ ಕಾಣುವುದು ರೆಕ್ಕೆಯ ಹೊರಮೈ ಅಲ್ಲ, ಬೆಳಕು ಅದರೊಳಗಿಂದ ಹಾದುಬರುವಾಗ ಹೊತ್ತು ತಂದ ಬಣ್ಣ. ಜೀವಂತ ಪತಂಗವನ್ನು ಗೋಡೆಯ ಮೇಲೆ ನೋಡುವಾಗ ಈ ಬಣ್ಣ ನಮಗೆ ಕಾಣುವುದೇ ಇಲ್ಲ.

ನಮ್ಮ ಮನೆಯಲ್ಲಿ ಮೊದಲ ಮಳೆ ಬಿದ್ದ ಸಂಜೆ ಟ್ಯೂಬ್‌ಲೈಟಿಗೆ ಮುತ್ತಿಕೊಳ್ಳುವ ಮಳೆಹುಳುಗಳ, ಅಂದರೆ ರೆಕ್ಕೆ ಬಂದ ಗೆದ್ದಲುಗಳ, ಉದುರಿದ ರೆಕ್ಕೆಗಳನ್ನು ಕೂಡಿಟ್ಟುಕೊಂಡು ನಾನೂ ಇದನ್ನು ಮಾಡಿ ನೋಡಿದ್ದೇನೆ. “ಬೆಳಿಗ್ಗೆ ಗುಡಿಸಿ ಹಾಕೋದನ್ನ ಡಬ್ಬೀಲಿ ಎತ್ತಿಡ್ತೀಯಲ್ಲೋ” ಎಂದು ಅಮ್ಮ ಅಂದರು. ಪ್ರೊಜೆಕ್ಟರು, ಲ್ಯಾಬು ಎರಡೂ ಇಲ್ಲದ ನಾನು ಅಗಲದ ಸೆಲ್ಲೊಟೇಪಿನ ನಡುವೆ ಅವನ್ನು ಒತ್ತಿ, ಹಿಂದಿನಿಂದ ಬೆಳಕು ಬಿಟ್ಟು ಸ್ಕ್ಯಾನ್ ಮಾಡಿ, ಆ ಉದ್ದನೆಯ ಚಿತ್ರವನ್ನು ಕಂಪ್ಯೂಟರಿನಲ್ಲಿ 7.62 ಮಿಲಿಮೀಟರಿಗೊಂದರಂತೆ ಕತ್ತರಿಸಿ ಓಡಿಸಿದೆ. ಗೆದ್ದಲಿನ ರೆಕ್ಕೆಗಳು ಒಂದರ ಪಡಿಯಚ್ಚಿನಂತೆ ಇನ್ನೊಂದು. ನಾಲ್ಕೂ ಒಂದೇ ಉದ್ದ, ಒಂದೇ ಹೊಗೆಬಣ್ಣ, ಮುಂದಿನ ಅಂಚಿನಲ್ಲಿ ಒಂದು ಗಟ್ಟಿ ನರ. ಸಾಲಾಗಿ ಇಟ್ಟರೆ ಆ ನರ ಮಾತ್ರ ತೆರೆಯ ಮೇಲೆ ಸ್ಥಿರವಾಗಿ ನಿಂತು ಉಳಿದದ್ದೆಲ್ಲ ಮಂಜಾಗುತ್ತದೆ. ಬಸಳೆ ಎಲೆಯ ಮೂಲಕ ಬೆಳಕು ಬರುವುದೇ ಇಲ್ಲ, ಅದು ತೆರೆಯ ಮೇಲೆ ಬರೀ ಕರಿ ಮಚ್ಚೆ. ದಾಸವಾಳದ ಎಸಳು ಮೊದಲ ದಿನ ಕೆಂಪು ಗಾಜಿನ ಹಾಗಿರುತ್ತದೆ, ಬುಡದಿಂದ ಕವಲೊಡೆದು ಹೊರಟ ನರಗಳು ಒಂದೊಂದಾಗಿ ಎಣಿಸುವಷ್ಟು ಸ್ಪಷ್ಟ. ಆದರೆ ಅದರ ನೀರು ಟೇಪಿನೊಳಗೇ ಸಿಕ್ಕಿಬಿದ್ದು, ಕೆಲವೇ ದಿನಗಳಲ್ಲಿ ಅಂಚು ಕಂದಿ ನಡುವೆ ಬೂಷ್ಟು ಹಿಡಿಯುತ್ತದೆ. ಎಲ್ಲಕ್ಕಿಂತ ಚೆನ್ನಾಗಿ ಒದಗಿದ್ದು ನೀರಿನಲ್ಲಿ ಕೊಳೆಸಿ ಹಸಿರು ತೊಳೆದ ಅರಳಿ ಎಲೆ. ಮಕ್ಕಳು ಪುಸ್ತಕದೊಳಗೆ ಇಟ್ಟುಕೊಳ್ಳುವ ಆ ಬಲೆಯಂಥ ಎಲೆಯಲ್ಲಿ ನಡುನರದಿಂದ ಅಂಚಿನವರೆಗೆ ಒಂದು ನರದಷ್ಟು ಇನ್ನೊಂದಿಲ್ಲ. ಅದನ್ನು ಪಟ್ಟಿಗಳಾಗಿ ಸೀಳಿ ಇಟ್ಟಾಗ ತೆರೆಯ ಮೇಲೆ ದಾರಿಗಳು ಕವಲೊಡೆಯುತ್ತ, ಕೂಡುತ್ತ, ಮತ್ತೆ ಕವಲೊಡೆಯುತ್ತ ಹೋಗುತ್ತವೆ.

ಕ್ಯಾಮೆರಾ ಇಲ್ಲದೆ ವಸ್ತುವನ್ನೇ ಬೆಳಕಿಗೆ ಒಡ್ಡುವ ಉಪಾಯ ಬ್ರ್ಯಾಕೇಜ್ ಅವರಿಂದ ಶುರುವಾದದ್ದಲ್ಲ. ಇಂಗ್ಲೆಂಡಿನ ಆ್ಯನಾ ಆಟ್‌ಕಿನ್ಸ್ 1843ರಲ್ಲೇ ಕಡಲಪಾಚಿಗಳನ್ನು ನೀಲಿಮುದ್ರಣದ ಕಾಗದದ ಮೇಲಿಟ್ಟು ಬಿಸಿಲಿಗೆ ಹಿಡಿದು ಅವುಗಳ ಪಡಿನೆರಳನ್ನು ಪುಸ್ತಕವಾಗಿ ತರಲು ತೊಡಗಿದ್ದರು. ಸಿನಿಮಾದಲ್ಲಿ ಅದೇ ಉಪಾಯವನ್ನು 1923ರಲ್ಲಿ ಪ್ಯಾರಿಸಿನಲ್ಲಿದ್ದ ಅಮೆರಿಕದ ಕಲಾವಿದ ಮ್ಯಾನ್ ರೇ ಬಳಸಿದರು. ತರ್ಕವನ್ನು ಧಿಕ್ಕರಿಸಿದ ‘ದಾದಾ’ ಎಂಬ ಕಲಾಚಳವಳಿಯ ಬಳಗದವರ ಒಂದು ಸಂಜೆ ಕೂಟಕ್ಕೆ ತುರ್ತಾಗಿ ಚಿತ್ರವೊಂದು ಬೇಕಾದಾಗ ಅವರು ಕತ್ತಲೆಕೋಣೆಯಲ್ಲಿ ಕಚ್ಚಾ ಫಿಲ್ಮನ್ನು ಹಾಸಿ, ಅಡುಗೆಯವನು ಉದುರಿಸುವಂತೆ ಅದರ ಮೇಲೆ ಉಪ್ಪು, ಮೆಣಸಿನಪುಡಿ ಉದುರಿಸಿ, ಇನ್ನೊಂದಷ್ಟು ಉದ್ದಕ್ಕೆ ಗುಂಡುಸೂಜಿ, ಮೊಳೆ ಚೆಲ್ಲಿ, ಒಂದು ಕ್ಷಣ ದೀಪ ಹಾಕಿ ಆರಿಸಿದರು. ಉಪ್ಪಿನ ಹರಳುಗಳು ತೆರೆಯ ಮೇಲೆ ಬಿಳಿಯ ಹಿಮದಂತೆ ಕುಣಿಯುತ್ತವೆ. ಅಲ್ಲಿಯೂ ಫ್ರೇಮಿನ ಗಡಿಗೆ ಬೆಲೆಯಿಲ್ಲ, ಅಲ್ಲಿಯೂ ಕಡಿಯುವ ಕೆಲಸ ಯಂತ್ರದ್ದೇ. ಆದರೆ ಮ್ಯಾನ್ ರೇ ಅವರಿಗೆ ಬೇಕಿದ್ದುದು ಅಸಂಬದ್ಧತೆಯ ಪೆಟ್ಟು. ಉಪ್ಪಿನ ಬದಲು ಸಕ್ಕರೆ ಇದ್ದಿದ್ದರೂ ನಡೆಯುತ್ತಿತ್ತು. ಅವರ ಉಪ್ಪು ಒಂದು ನೆರಳನ್ನು ಬಿಟ್ಟುಹೋಗುತ್ತದೆ, ಬ್ರ್ಯಾಕೇಜ್ ಅವರ ಪತಂಗ ತನ್ನ ಬಣ್ಣವನ್ನೂ ಕೊಟ್ಟುಹೋಗುತ್ತದೆ.

ಸತ್ತ ಹುಳುಗಳೇ ಬೇಕೆಂದರೆ ಅದಕ್ಕೂ ಹಿಂದೆ ವ್ಲಾಡಿಸ್ಲಾವ್ ಸ್ಟಾರೆವಿಚ್ ಇದ್ದರು. ಕಾದಾಡುವ ಕೊಂಬಿನ ಜೀರುಂಡೆಗಳನ್ನು ಚಿತ್ರೀಕರಿಸಲು ಹೋದಾಗ ದೀಪದ ಬೆಳಕಿಗೆ ಅವು ಅಲುಗಾಡದೆ ಕೂರುತ್ತಿದ್ದವೆಂದು, ಸತ್ತ ಜೀರುಂಡೆಗಳ ಕಾಲುಗಳಿಗೆ ತಂತಿ ಸೇರಿಸಿ, ಫ್ರೇಮಿನಿಂದ ಫ್ರೇಮಿಗೆ ಸರಿಸುತ್ತ 1910ರಲ್ಲಿ ಅವುಗಳ ಜಗಳವನ್ನು ಕಟ್ಟಿದರು. ಮುಂದಿನ ಚಿತ್ರಗಳಲ್ಲಿ ಅವರ ಹುಳುಗಳು ಪ್ರೇಮಿಸುತ್ತವೆ, ಅಸೂಯೆಪಡುತ್ತವೆ, ಸಿನಿಮಾವನ್ನೂ ತೆಗೆಯುತ್ತವೆ. ಕೈಚಳಕ ಅಸಾಧಾರಣವಾದದ್ದು, ಇವತ್ತಿಗೂ ನಗು ತರಿಸುತ್ತದೆ. ಆದರೆ ಆ ಜೀರುಂಡೆ ಮನುಷ್ಯನ ವೇಷ ಹಾಕಿದೆ, ಮತ್ತು ಚಲನೆ ಪೂರ್ತಿಯಾಗಿ ತಂತಿ ಬಗ್ಗಿಸುವವನ ಸ್ವತ್ತು. ಕಥೆ ಬಿಟ್ಟ ಕೂಡಲೇ ವಸ್ತುವಿಗೆ ತನ್ನ ಅಳತೆ ವಾಪಸು ಸಿಗುತ್ತದೆ ಎಂಬುದು ಈ ಎರಡು ಬಗೆಯ ಚಿತ್ರಗಳನ್ನು ಅಕ್ಕಪಕ್ಕ ಇಟ್ಟರೆ ತಿಳಿಯುತ್ತದೆ.

ಬ್ರ್ಯಾಕೇಜ್ 1981ರಲ್ಲಿ ಇದೇ ವಿಧಾನಕ್ಕೆ ಮರಳಿದರು. ಹದಿನೈದನೆಯ ಶತಮಾನದಲ್ಲಿ ಹುಟ್ಟಿದ ಡಚ್ ಚಿತ್ರಕಾರ ಬಾಷ್ ಅವರ ಪ್ರಸಿದ್ಧ ಚಿತ್ರದ ಹೆಸರನ್ನೇ ಇಟ್ಟುಕೊಂಡ ‘ದಿ ಗಾರ್ಡನ್ ಆಫ್ ಅರ್ಥ್ಲಿ ಡಿಲೈಟ್ಸ್’ಗೆ ಬೆಟ್ಟಸೀಮೆಯ ಗಿಡಗಳೇ ಸಾಮಗ್ರಿ, ಮತ್ತು ಈ ಬಾರಿ ಪಟ್ಟಿ 35 ಎಂಎಂನದು. ಅಲ್ಲಿ ಒಂದು ಫ್ರೇಮಿಗೆ 19 ಮಿಲಿಮೀಟರ್, ಒಂದು ಸೆಕೆಂಡಿಗೆ 45 ಸೆಂಟಿಮೀಟರಿಗೂ ಹೆಚ್ಚು. ಹಾಗಾಗಿ ಅದೇ ಎಲೆ ಈಗ ಅರ್ಧಕ್ಕಿಂತಲೂ ಕಡಿಮೆ ಹೊತ್ತು ನಿಲ್ಲುತ್ತದೆ, ಆದರೆ ಇಡೀ ಎಲೆ, ಇಡೀ ಹೂವು ಒಂದೇ ಫ್ರೇಮಿನೊಳಗೆ ಹಿಡಿಸುವಷ್ಟು ಜಾಗವಿದೆ. ಫಲಿತವೇ ಬೇರೆ. ‘ಮಾತ್‌ಲೈಟ್’ನಲ್ಲಿ ಬಯಲು ಹೆಚ್ಚು, ವಸ್ತು ಕಡಿಮೆ, ಇಲ್ಲಿ ಕಾಂಡ, ಎಲೆ, ಮೊಗ್ಗು ಒಂದನ್ನೊಂದು ತಳ್ಳಿಕೊಂಡು ಬರುತ್ತವೆ, ಬೆಳಕಿಗೆ ದಾರಿ ಸಾಲದು. ಕಸುಬಿನ ದೃಷ್ಟಿಯಿಂದ ಇದು ಹೆಚ್ಚು ಪಳಗಿದ ಚಿತ್ರವೆನ್ನುವವರಿದ್ದಾರೆ. ನನಗೆ ಮೊದಲನೆಯದೇ ಮೇಲು, ಯಾಕೆಂದರೆ ಅದರಲ್ಲಿ ಒಂದೊಂದು ವಸ್ತುವಿಗೂ ಉಸಿರಾಡಲು ಜಾಗವಿದೆ ಮತ್ತು ಒಂದರ ಅಂತ್ಯ ಎಲ್ಲಿ, ಇನ್ನೊಂದರ ಆರಂಭ ಎಲ್ಲಿ ಎಂಬುದು ಕಣ್ಣಿಗೆ ತಿಳಿಯುತ್ತದೆ.

ಈಗಿನ ಕಾಲದಲ್ಲಿ ಇಂಥದೇ ಸಾಮಗ್ರಿಯಿಂದ ಮಾಡಿದ ಚಿತ್ರಗಳು ಫೋನಿನ ತೆರೆಯ ಮೇಲೆ ಆಗಾಗ ಹಾದುಹೋಗುತ್ತವೆ. ಬಹಳಷ್ಟರಲ್ಲಿ ಎಲೆಗಳನ್ನೋ ಚಿಪ್ಪುಗಳನ್ನೋ ಗಾತ್ರದ ಪ್ರಕಾರ ಜೋಡಿಸಿ, ಒಂದರ ಜಾಗದಲ್ಲಿ ಇನ್ನೊಂದನ್ನಿಟ್ಟು, ಒಂದೇ ಎಲೆ ಹಿಗ್ಗಿ ಕುಗ್ಗಿದ ಹಾಗೆ ತೋರಿಸುತ್ತಾರೆ. ನುಣುಪಾಗಿರುತ್ತದೆ, ಆದರೆ ಅಲ್ಲಿ ಎಲೆಗಳ ನಡುವಿನ ವ್ಯತ್ಯಾಸವನ್ನು ಅಡಗಿಸುವುದರಲ್ಲೇ ಶ್ರಮವೆಲ್ಲ ಹೋಗಿರುತ್ತದೆ. ಇದಕ್ಕೆ ಗೌರವದ ಅಪವಾದವೆಂದರೆ ಅಮೆರಿಕದ ಬ್ರೆಟ್ ಫಾಕ್ಸ್‌ವೆಲ್ 2017ರಲ್ಲಿ ಮಾಡಿದ ‘ವುಡ್‌ಸ್ವಿಮ್ಮರ್’. ಮರದ ದಿಮ್ಮಿ, ಕೊಂಬೆ, ಗಂಟುಗಳ ತುಂಡನ್ನು ಮಿಲ್ಲಿಂಗ್ ಯಂತ್ರದಲ್ಲಿ ಬಿಗಿದು, ಒಂದು ತೆಳುಪದರ ಹೆರೆದು ಫೋಟೊ ತೆಗೆದು, ಮತ್ತೊಂದು ಪದರ ಹೆರೆದು ಮತ್ತೆ ಫೋಟೊ ತೆಗೆದು ಕಟ್ಟಿದ ಚಿತ್ರ ಅದು. ತೆರೆಯ ಮೇಲೆ ಉಂಗುರಗಳು ಅಲೆಯಾಗಿ ಹರಡುತ್ತವೆ, ಕಪ್ಪು ಕಣ್ಣುಗಳು ಈಜಿಬಂದು ಮಾಯವಾಗುತ್ತವೆ. ಆ ಕಣ್ಣು ಎಂದರೆ ಗಂಟು, ಗಂಟು ಎಂದರೆ ಕೊಂಬೆಯ ಬುಡ. ಕೊಂಬೆ ಕಾಂಡದ ತಿರುಳಿನಿಂದ ಹೊರಟು ತೊಗಟೆಯ ಕಡೆಗೆ ಓರೆಯಾಗಿ ಸಾಗುವುದರಿಂದ, ಅಡ್ಡಲಾಗಿ ಹೆರೆಯುತ್ತ ಹೋದಂತೆ ಗಂಟು ನಡುವಿನಿಂದ ಅಂಚಿಗೆ ಸರಿಯುತ್ತದೆ. ಅದನ್ನು ಯಾರೂ ಸರಿಸಿಲ್ಲ. ಬೆಳೆಯುವಾಗ ಮರ ಹಿಡಿದ ದಾರಿಯೇ ಚಲನೆಯಾಗಿದೆ. ನೋಡುತ್ತಿರುವಷ್ಟು ಹೊತ್ತೂ ಆ ಮರ ಪುಡಿಯಾಗುತ್ತಿದೆ ಎಂಬುದೂ ನಿಜ. ಚಿತ್ರ ಮುಗಿದಾಗ ಮರದ ತುಂಡೂ ಮುಗಿದಿರುತ್ತದೆ, ಇನ್ನೊಮ್ಮೆ ತೆಗೆಯುವ ಮಾತೇ ಇಲ್ಲ.

ಬೆಳಕು ವಸ್ತುವಿನೊಳಗಿಂದ ಹಾಯಬೇಕೆಂಬ ಕಟ್ಟನ್ನೂ ಮೀರಿದವರು ಡಚ್ ಚಿತ್ರನಿರ್ಮಾಪಕ ಕಾರೆಲ್ ಡೂಯಿಂಗ್. ಅವರು ಫೈಟೋಗ್ರಾಮ್ ಎಂದು ಕರೆಯುವ ವಿಧಾನದಲ್ಲಿ ಎಲೆ, ಹೂಗಳನ್ನು ಬಟ್ಟೆ ಒಗೆಯುವ ಸೋಡಾ ಮತ್ತು ವಿಟಮಿನ್ ಸಿ ಬೆರೆಸಿದ ನೀರಿನಲ್ಲಿ ನೆನೆಸಿ, ಫಿಲ್ಮಿನ ಮೇಲೆ ಹಾಸಿ ಹಗಲ ಬೆಳಕಿನಲ್ಲೇ ಬಿಡುತ್ತಾರೆ. ಗಿಡದೊಳಗೆ ಸಹಜವಾಗಿಯೇ ಇರುವ ಫೀನಾಲ್ ಜಾತಿಯ ರಾಸಾಯನಿಕಗಳು ಸೋಡಾದ ನೆರವಿನಿಂದ ಡೆವಲಪರಿನ, ಅಂದರೆ ಫಿಲ್ಮಿನ ಮೇಲೆ ಚಿತ್ರ ಮೂಡಿಸುವ ದ್ರಾವಣದ, ಕೆಲಸ ಮಾಡುತ್ತವೆ. ಎಲೆ ತಾಗಿದ ಕಡೆ ಅದರ ಗುರುತು ಮೂಡುತ್ತದೆ. ಮುಗಿದ ಮೇಲೆ, ಮೂಡಿದ್ದನ್ನು ಅಳಿಯದಂತೆ ನಿಲ್ಲಿಸುವ ಫಿಕ್ಸರಿನಲ್ಲಿ ಅದ್ದಿ ತೊಳೆದರಾಯಿತು. ಕಾಫಿಪುಡಿಯಿಂದ ಫೋಟೊ ತೊಳೆಯುವ ಹವ್ಯಾಸಿಗಳಿಗೆ ಈ ಪಾಕ ಹೊಸದಲ್ಲ, ಸೋಡಾ ಮತ್ತು ವಿಟಮಿನ್ ಸಿ ಅಲ್ಲಿಯೂ ಇವೆ. ಹೊಸದೆಂದರೆ, ಚಿತ್ರದಲ್ಲಿ ಕಾಣುವ ಗಿಡವೇ ಚಿತ್ರವನ್ನು ತೊಳೆಯುವ ದ್ರಾವಣವೂ ಆಗಿರುವುದು. ಎಲೆಯ ಉದ್ದದ ಜೊತೆಗೆ ಈಗ ಅದರ ರಸದ ಗುಣವೂ ಲೆಕ್ಕಕ್ಕೆ ಬರುತ್ತದೆ. ರಸ ಹೆಚ್ಚಿರುವ ಎಲೆಗೂ ಒಣಗಿದ ಎಲೆಗೂ ಗುರುತು ಒಂದೇ ಆಗಿರುವುದಿಲ್ಲ.

ಜಪಾನಿನ ತೊಮೊನಾರಿ ನಿಶಿಕಾವಾ ಮಾಡಿದ್ದು ಇನ್ನೂ ವಿಚಿತ್ರ. ಅವರು 2014ರ ಜೂನ್ 24ರ ಸೂರ್ಯಾಸ್ತದಿಂದ ಮರುದಿನದ ಸೂರ್ಯೋದಯದವರೆಗೆ ನೂರು ಅಡಿ ಉದ್ದದ 35 ಎಂಎಂ ನೆಗೆಟಿವ್ ಫಿಲ್ಮನ್ನು, 2011ರಲ್ಲಿ ದುರಂತಕ್ಕೀಡಾದ ಫುಕುಶಿಮಾ ದೈಚಿ ಅಣುಸ್ಥಾವರದಿಂದ ಸುಮಾರು 25 ಕಿಲೋಮೀಟರ್ ದೂರದ ಹಳ್ಳಿರಸ್ತೆಯ ಬದಿಯಲ್ಲಿ, ಉದುರಿದ ಎಲೆಗಳ ಕೆಳಗೆ ಹೂತಿಟ್ಟರು. ಒಮ್ಮೆ ಜನರನ್ನು ತೆರವು ಮಾಡಿಸಿ, ಮಣ್ಣು ಶುದ್ಧಿಮಾಡಿ ಮತ್ತೆ ವಾಸಕ್ಕೆ ಬಿಟ್ಟುಕೊಟ್ಟ ಪ್ರದೇಶ ಅದು. ನೀಲಿಯ ಮೇಲೆ ಚುಕ್ಕೆ, ಗೀರುಗಳು ಸಿಡಿಯುವ ಆ ಚಿತ್ರದಲ್ಲಿ ಎಲೆಯೊಂದೂ ಕಾಣುವುದಿಲ್ಲ. ಯಾವ ಚುಕ್ಕೆ ವಿಕಿರಣದ್ದು, ಯಾವುದು ಎಲೆಯ ತೇವದ್ದು, ಯಾವುದು ಮಣ್ಣಿನ ಕಣ ಉಜ್ಜಿದ್ದು ಎಂದು ಬೇರ್ಪಡಿಸಿ ಹೇಳುವಂತಿಲ್ಲ. ಅಮೂರ್ತ ಚಿತ್ರಗಳನ್ನು ಲೋಕದಿಂದ ತಪ್ಪಿಸಿಕೊಂಡವರ ಆಟವೆಂದು ತಳ್ಳಿಹಾಕುವವರಿಗೆ ನಾನು ತೋರಿಸುವುದು ಇದನ್ನೇ: ಆಕೃತಿಯೇ ಇಲ್ಲದ ಇದರಷ್ಟು ಖಚಿತವಾಗಿ ಒಂದು ಸ್ಥಳಕ್ಕೂ ಒಂದು ರಾತ್ರಿಗೂ ಕಟ್ಟುಬಿದ್ದ ಚಿತ್ರಗಳು ವಿರಳ.

ಇವುಗಳನ್ನು ನೋಡುವುದೆಲ್ಲಿ ಎಂಬ ಪ್ರಶ್ನೆ ನಮ್ಮಂಥವರಿಗೆ ದೊಡ್ಡದು. ಬೆಂಗಳೂರನ್ನು ನೆಲೆಯಾಗಿಸಿಕೊಂಡ, 2003ರಲ್ಲಿ ಶಾಯಿ ಹೆರೆಡಿಯಾ ಆರಂಭಿಸಿದ ‘ಎಕ್ಸ್‌ಪೆರಿಮೆಂಟಾ’ ಉತ್ಸವದಿಂದಾಗಿ ಪ್ರಾಯೋಗಿಕ ಚಿತ್ರಗಳನ್ನು ದೊಡ್ಡ ತೆರೆಯ ಮೇಲೆ ನೋಡುವ ಅವಕಾಶ ಇಲ್ಲಿಯೂ ಇದೆ; ಉಳಿದಂತೆ ಇಂಟರ್ನೆಟ್ಟೇ ಗತಿ. ಅಲ್ಲಿ ಸಿಗುವ ‘ಮಾತ್‌ಲೈಟ್’ ಪ್ರತಿಗಳು ಸಾಮಾನ್ಯವಾಗಿ ಕೆಟ್ಟದಾಗಿ ಕಾಣುತ್ತವೆ, ಅದಕ್ಕೆ ಕಾರಣವೂ ಚಿತ್ರದ ಗುಣದಲ್ಲೇ ಇದೆ. ವಿಡಿಯೊ ಫೈಲನ್ನು ಕುಗ್ಗಿಸುವ ತಂತ್ರಾಂಶ ಒಂದು ಫ್ರೇಮಿಗೂ ಅದರ ಹಿಂದಿನದಕ್ಕೂ ಹೆಚ್ಚಿನ ವ್ಯತ್ಯಾಸವಿಲ್ಲವೆಂಬ ನಂಬಿಕೆಯ ಮೇಲೆ ಕೆಲಸ ಮಾಡುತ್ತದೆ. ಬದಲಾದಷ್ಟನ್ನು ಮಾತ್ರ ಉಳಿಸಿಕೊಂಡು ಬಾಕಿಯನ್ನು ಹಿಂದಿನಿಂದ ಎರವಲು ತರುತ್ತದೆ. ಸುದ್ದಿ ಓದುವವರ ಮುಖಕ್ಕೆ ಇದು ಸಾಕು. ಎರಡು ಫ್ರೇಮಿಗೊಮ್ಮೆ ಎಲ್ಲವೂ ಬದಲಾಗುವ ರೆಕ್ಕೆಗಳ ಮುಂದೆ ಅದು ಸೋಲುತ್ತದೆ, ನರಗಳ ಜಾಗದಲ್ಲಿ ಚೌಕಚೌಕವಾದ ಕಲೆಗಳು ಏಳುತ್ತವೆ. ಹಾಗಾಗಿ 2003ರಲ್ಲಿ ಅಮೆರಿಕದ ಕ್ರೈಟೀರಿಯನ್ ಸಂಸ್ಥೆ ಹೊರತಂದ ಬ್ರ್ಯಾಕೇಜ್ ಸಂಕಲನದ ಡಿವಿಡಿಯಂಥದ್ದನ್ನು ಹೇಗಾದರೂ ಮಾಡಿ ಸಂಪಾದಿಸುವುದು ಒಳ್ಳೆಯದು. ಮೇಲೆ ಹೇಳಿದ ಅವರ ಎರಡೂ ಚಿತ್ರಗಳು ಅದರಲ್ಲಿವೆ.

ಡಿವಿಡಿಯಲ್ಲಿ ಇನ್ನೊಂದು ಪ್ರಲೋಭನೆಯಿದೆ: ಚಿತ್ರವನ್ನು ನಿಲ್ಲಿಸಿ ಫ್ರೇಮ್ ಫ್ರೇಮಾಗಿ ನೋಡಬಹುದು. ನಿಲ್ಲಿಸಿದರೆ ರೆಕ್ಕೆಯ ಮೇಲಿನ ಹುರುಪೆಗಳ ಸಾಲು, ಎಸಳಿನ ಅಂಚಿನ ಹರಿದ ಭಾಗ, ಟೇಪಿನೊಳಗೆ ಸಿಕ್ಕಿಬಿದ್ದ ಗಾಳಿಗುಳ್ಳೆ ಎಲ್ಲವೂ ಕಾಣುತ್ತವೆ. ಇದು ಚಿತ್ರಕ್ಕೆ ಮಾಡುವ ಅಪಚಾರವೆಂದು ಬಗೆಯುವ ಮಡಿವಂತರಿದ್ದಾರೆ, ನಾನು ಅವರ ಪೈಕಿ ಅಲ್ಲ. ಬ್ರ್ಯಾಕೇಜ್ ಮೇಜಿನ ಮೇಲೆ ಕಂಡದ್ದು ಗಡಿಯಿಲ್ಲದ ಪಟ್ಟಿಯನ್ನು, ಪ್ರೇಕ್ಷಕರು ಕತ್ತಲೆಯಲ್ಲಿ ಕಂಡದ್ದು ಹರಿವನ್ನು. ನಿಲ್ಲಿಸಿದ ಫ್ರೇಮು ಆ ಎರಡೂ ಅಲ್ಲ, ಪ್ರೊಜೆಕ್ಟರಿನ ಉಗುರು ಎಲ್ಲಿ ಎಳೆದು ನಿಲ್ಲಿಸಿತೋ ಅಲ್ಲಿಗೆ ಸರಿಯಾಗಿ ಕಡಿದ ಒಂದು ತುಂಡು. ಮೊದಲು ಒಮ್ಮೆ ತಡೆಯಿಲ್ಲದೆ ನೋಡಿ, ಆಮೇಲೆ ನಿಲ್ಲಿಸಿ ನೋಡಿ, ಮತ್ತೆ ಓಡಿಸಿ. ನಿಲ್ಲಿಸಿದಾಗ ಗುರುತಿಟ್ಟುಕೊಂಡ ರೆಕ್ಕೆಯನ್ನು ಓಡುವಾಗ ಹುಡುಕಲು ಹೋದರೆ ಹೆಚ್ಚಿನ ಸಲ ಅದು ಸಿಗುವುದಿಲ್ಲ. ಹುಲ್ಲಿನ ಗರಿ ಮಾತ್ರ ಪ್ರತಿ ಸಲವೂ ಸಿಗುತ್ತದೆ.